ವೆಳ್ಸಾಂವಿನ ಮರಳಿನಲ್ಲಿ ಸುರಹೊನ್ನೆ

ಗೋವಾದ ವಾಸ್ಕೋದ ನೌಕರಿಯಿಂದ ನಿವೃತ್ತನಾಗಿ ಅಲ್ಲಿಯೇ ಸಮೀಪದ ವೆಳ್ಸಾಂವಿನಲ್ಲಿ, ಕಡಲಿನಿಂದ ಇನ್ನೂರು ಹೆಜ್ಜೆ ದೂರದ ಮನೆಗೆ ಬಂದಾಗ, ಅಂಗಳದ ಪಡುವಣ ಬದಿಗೆ ವರ್ಷವಿಡೀ ಹಸಿರಾಗಿದ್ದು ಹೂವನ್ನೂ ಕೊಡುವ ಮರವೊಂದು ಬೇಕೆಂದು ಮೊದಲು ಸಂಪಿಗೆಯನ್ನು ನೆಟ್ಟೆ. ಜೂನ್‌ನಲ್ಲಿ ನೈಋತ್ಯದ ಗಾಳಿ ಹಿಡಿದ ಹದಿನೈದೇ ದಿನಗಳಲ್ಲಿ ಅದರ ಎಲೆಯಂಚುಗಳು ಬೆಂಕಿ ತಾಗಿದಂತೆ ಕರಕಲಾದವು. ಎರಡನೆಯ ಮಳೆಗಾಲವನ್ನು ಆ ಗಿಡ ಕಾಣಲಿಲ್ಲ.

ನಾನು ಅಂಕೋಲೆಯ ಕಡೆಯವನು. ದಂಡೆಯ ಮರಳಿನಲ್ಲೇ ಬೇರೂರಿ ಕಡಲಿನತ್ತ ಬಾಗಿ ನಿಲ್ಲುವ ಸುರಹೊನ್ನೆಯನ್ನು ಹುಟ್ಟಿನಿಂದ ನೋಡಿದವನು. ಅದರ ಬೀಜದ ಎಣ್ಣೆಯಿಂದ ದೀಪ ಹಚ್ಚುತ್ತಿದ್ದ ಕಾಲವನ್ನು ಅಜ್ಜಿಯ ಬಾಯಿಂದ ಕೇಳಿದವನು. ಹಾಗಿದ್ದೂ ಸಂಪಿಗೆಗೆ ದುಡ್ಡು ಸುರಿದದ್ದಕ್ಕೆ ನನ್ನ ಬಳಿ ಸಮರ್ಥನೆಯಿಲ್ಲ. ಹೆಸರಿನ ಗೊಂದಲವನ್ನು ಮಾತ್ರ ಇಲ್ಲಿಯೇ ಹೇಳಿಬಿಡಬೇಕು. ಬರೀ ‘ಹೊನ್ನೆ’ ಎಂದು ಕೇಳಿದರೆ ಕಾಡಿನ ಹೊನ್ನೆಯ ಸಸಿ ಕೈಗೆ ಬರಬಹುದು. ಅದು ಎಲೆ ಉದುರಿಸುವ, ನಾಟಾಕ್ಕೆ ಹೆಸರಾದ ಬೇರೆಯೇ ಮರ. ಒಣಗಿದ ಮೊಗ್ಗನ್ನು ದಂಡೆಯಾಗಿ ಮುಡಿಯುವ ಸುರಗಿಯೂ ಇದಲ್ಲ. ನಾನು ಹೇಳುತ್ತಿರುವುದು ಸಸ್ಯಶಾಸ್ತ್ರದಲ್ಲಿ ಕ್ಯಾಲೋಫಿಲಮ್ ಇನೋಫಿಲಮ್ ಎನಿಸಿಕೊಳ್ಳುವ ಮರವನ್ನು. ಮರಾಠಿಯವರು ಇದನ್ನು ಉಂಡಿ ಎನ್ನುತ್ತಾರೆ. ಗ್ರೀಕ್ ಮೂಲದ ಕ್ಯಾಲೋಫಿಲಮ್ ಎಂಬ ಮಾತಿಗೆ ಚೆಲುವಾದ ಎಲೆ ಎಂದರ್ಥ, ಅದು ಸುಳ್ಳಲ್ಲ. ದಪ್ಪನೆಯ ಹೊಳಪಿನ ಎಲೆಯನ್ನು ಬೆಳಕಿಗೆ ಹಿಡಿದರೆ ನಡುನರದಿಂದ ಅಂಚಿನವರೆಗೆ ಬಾಚಣಿಗೆಯ ಹಲ್ಲಿನಷ್ಟು ಒತ್ತೊತ್ತಾಗಿ ಸಾಲುಗಟ್ಟಿದ ಸಣ್ಣ ನರಗಳು ಕಾಣುತ್ತವೆ.

2014ರಲ್ಲಿ ಊರಿನಿಂದ ಒಂದು ಚೀಲ ಕಾಯಿ ತಂದೆ. ಮೊದಲ ಇಪ್ಪತ್ತನ್ನು ಹಾಗೆಯೇ ಮಣ್ಣಿಗೆ ಹಾಕಿ ಒಂದೂವರೆ ತಿಂಗಳು ಕಾದರೂ ಒಂದೂ ತಲೆಯೆತ್ತಲಿಲ್ಲ. ಕಡಲಿನಲ್ಲಿ ತೇಲಿ ಇನ್ನೊಂದು ದಂಡೆ ಸೇರಿ ಮೊಳೆಯಬೇಕಾದ ಬೀಜಕ್ಕೆ ಪ್ರಕೃತಿ ಗಟ್ಟಿ ಕವಚವನ್ನೇ ತೊಡಿಸಿದೆ, ನೀರು ಒಳಗಿಳಿಯಲು ತಡವಾಗುತ್ತದೆ. ಉಳಿದ ಕಾಯಿಗಳ ಮೇಲಿನ ಸಿಪ್ಪೆ ತೆಗೆದು, ನೆರಳಿನಲ್ಲಿ ಒಣಗಿಸಿ, ಕರಟವನ್ನು ಚಿಕ್ಕ ಸುತ್ತಿಗೆಯಿಂದ ಒಡೆಯಲು ಕುಳಿತೆ. ಬಲವಾಗಿ ಹೊಡೆದರೆ ಒಳಗಿನ ತಿರುಳು ಜಜ್ಜಿಹೋಗುತ್ತದೆ, ಮೆಲ್ಲಗೆ ಹೊಡೆದರೆ ಬೀಜ ಗೋಲಿಯಂತೆ ಜಾರಿ ಮಂಚದಡಿಗೆ ಓಡುತ್ತದೆ. ಹಳೆಯ ಗೋಣಿತಾಟಿನ ಮಡಿಕೆಯಲ್ಲಿ ಬೀಜವನ್ನು ನಿಲ್ಲಿಸಿ, ತಿರುಗಿಸುತ್ತಾ ಮೂರು ನಾಲ್ಕು ಕಡೆ ತಟ್ಟಿದಾಗ ಕರಟ ಬಿರಿದು, ಒಳಗಿನ ಬೆಂಡಿನಂಥ ಪದರವೂ ಕಳಚಿ, ಎಣ್ಣೆಯಿಂದ ಜಿಗುಟಾದ ತಿಳಿಹಳದಿ ತಿರುಳು ಇಡಿಯಾಗಿ ಹೊರಬಂತು. ಮೂವತ್ತರಲ್ಲಿ ಒಂಬತ್ತನ್ನು ಕೆಡಿಸಿದೆ. ಚೆನ್ನಾಗಿ ಉಳಿದವುಗಳಲ್ಲಿ ಹೆಚ್ಚಿನವು ಮೂರು ವಾರ ಕಳೆಯುತ್ತಲೇ ಮೊಳೆತವು.

ಸಸಿಗಳನ್ನು ಚಿಕ್ಕ ಪ್ಲಾಸ್ಟಿಕ್ ಚೀಲಗಳಲ್ಲಿ ಬೆಳೆಸಿದ್ದು ನನ್ನ ಎರಡನೆಯ ತಪ್ಪು. ತಾಯಿಬೇರು ಬೇಗ ಕೆಳಗಿಳಿದು ಚೀಲದ ತಳದಲ್ಲಿ ಸುತ್ತಿಕೊಂಡಿತ್ತು. ಹಾಗೆ ಸುತ್ತಿದ ಬೇರಿನೊಂದಿಗೆ ನೆಟ್ಟ ಸಸಿಯೊಂದು ಮೂರು ವರ್ಷವಾದರೂ ಗಾಳಿಗೆ ಓಲಾಡುತ್ತಿತ್ತು, ಕೊನೆಗೆ ಅದನ್ನು ಕಿತ್ತುಹಾಕಿದೆ. ಆಳವಾದ ಚೀಲದಲ್ಲಿದ್ದ ಎರಡು ಸಸಿಗಳನ್ನು ಗೇಣುದ್ದವಾದಾಗ, 2015ರ ಮೊದಲ ಮಳೆಗೆ, ಎರಡಡಿಯ ಗುಂಡಿಯಲ್ಲಿ ಮರಳಿಗೆ ಹಳೆಯ ಸಗಣಿಗೊಬ್ಬರ ಬೆರೆಸಿ ನೆಟ್ಟೆ. ಉಪ್ಪುಗಾಳಿಗೆ ಅವು ಅಂಜಲಿಲ್ಲ. ಅವುಗಳನ್ನು ಹಿಂದಕ್ಕೆಳೆದದ್ದು ಬುಡದಲ್ಲಿ ಎದ್ದ ಹುಲ್ಲು, ಮತ್ತು ಮಾರ್ಚ್‌ನಿಂದ ಮೇವರೆಗಿನ ಒಣ ಮರಳು. ವಾರಕ್ಕೆರಡು ಸಲ ಎರಡೆರಡು ಕೊಡ ನೀರು, ಬುಡಕ್ಕೆ ತೆಂಗಿನ ಗರಿಯ ಹೊದಿಕೆ, ತಿಂಗಳಿಗೊಮ್ಮೆ ಕಳೆ ತೆಗೆಯುವುದು, ಇಷ್ಟನ್ನು ಮೂರು ಬೇಸಿಗೆ ತಪ್ಪದೆ ಮಾಡಿದೆ. ಮೊದಲ ವರ್ಷ ಗಿಡ ಬೆಳೆದದ್ದು ಒಂದು ಗೇಣು ಮಾತ್ರ. ತೋಟದ ಕೆಲಸಕ್ಕೆ ಬರುತ್ತಿದ್ದ ಬಾಗಲಕೋಟೆಯ ಹುಡುಗ, “ಸರ್ರ, ಇದು ಬೆಳಿಯೂದಲ್ರೀ, ಬ್ಯಾರೆ ಏನರ ಹಚ್ಚೂಣು,” ಎಂದು ಎರಡು ಸಲ ಹೇಳಿದ. ಮೂರನೆಯ ವರ್ಷ ಅದು ಅವನ ತಲೆ ದಾಟಿದಾಗ ಆ ಮಾತನ್ನು ನೆನಪಿಸಲು ನಾನು ಮರೆಯಲಿಲ್ಲ.

ಗೊಬ್ಬರ ಹೆಚ್ಚಿಸಿ ಅವಸರಪಡಿಸುವುದರಿಂದ ನನಗೇನೂ ಲಾಭ ಕಾಣಲಿಲ್ಲ. ಕೆಳಗಿನ ಕೊಂಬೆಗಳನ್ನು ಒಮ್ಮೆ ಮಾತ್ರ ಸವರಿದೆ. ಕಡಿದಲ್ಲಿ ಅಂಟಾದ ಹಾಲು ಒಸರುತ್ತದೆ, ಅದು ಕಣ್ಣಿಗೆ ತಾಗಬಾರದು. ಕೈಗೆ ಹತ್ತಿದ್ದನ್ನು ಕೊಬ್ಬರಿ ಎಣ್ಣೆ ಹಚ್ಚಿಯೇ ತೆಗೆಯಬೇಕಾಯಿತು.

ಮೊದಲ ಹೂ ಕಂಡದ್ದು 2022ರ ಡಿಸೆಂಬರ್‌ನಲ್ಲಿ. ಬಿಳಿ ಎಸಳಿನ ನಡುವೆ ಹಳದಿ ಕೇಸರಗಳ ಪುಟ್ಟ ಕುಚ್ಚು; ಬೆಳಗಿನ ಗಾಳಿ ನಿಂತಿರುವ ಹೊತ್ತಿನಲ್ಲಿ ಅದರ ತೆಳುವಾದ ಪರಿಮಳ ಜಗುಲಿಯವರೆಗೆ ಬರುತ್ತದೆ, ಗಾಳಿ ಎದ್ದಮೇಲೆ ಇರುವುದಿಲ್ಲ. ಈಗ ಮರಗಳು ಹದಿನೈದು ಅಡಿ ದಾಟಿವೆ. ಅವುಗಳ ಮರೆಯಲ್ಲಿ ಹೆಂಡತಿಯ ಮಲ್ಲಿಗೆಯೂ ಜೂನ್ ತಿಂಗಳನ್ನು ದಾಟುತ್ತಿದೆ.

ನೆಡುವವರು ಜಾಗವನ್ನು ಮಾತ್ರ ನೋಡಿಕೊಳ್ಳಬೇಕು. ನಾನು ಒಂದನ್ನು ಗೇಟಿನ ಕಲ್ಲುಹಾಸಿಗೆ ತೀರ ಹತ್ತಿರ ನೆಟ್ಟಿದ್ದೇನೆ. ಬಾವಲಿಗಳು ರಾತ್ರಿ ಮೇಲಿನ ತಿರುಳನ್ನು ಕಡಿದು ಕೆಡಹಿದ ಕಾಯಿಗಳು ಕಾಲಡಿಯಲ್ಲಿ ಉರುಳುವುದರಿಂದ, ಹಾಲಿನವನು ಬರುವುದಕ್ಕೆ ಮೊದಲೇ ಎದ್ದು ಅಲ್ಲಿ ಕಸಬರಿಗೆ ಆಡಿಸಬೇಕಾಗುತ್ತದೆ.