ಚಿಂದಿ ಅಂದ್ರೆ ಬೈಗುಳಾನಾ, ಶಹಬ್ಬಾಸ್‌ಗಿರಿನಾ?

ಫ್ಯಾಷನ್‌ಗೆ ಅಂತ ನಾನು ಬೇಕಂತಲೇ ಹರಿದ ಮೊದಲ ಡೆನಿಮ್ ಜಾಕೆಟ್‌ನ ಫೋಟೊ ಇನ್‌ಸ್ಟಾಗ್ರಾಂಗೆ ಹಾಕಿದಾಗ ಕೆಳಗೆ ಬಿದ್ದ ಮೊದಲ ಮಾತು, 'ಗುರೂ, ಇಲಿಗೆ ಎಷ್ಟು ಕೂಲಿ ಕೊಟ್ಟೆ?' ಎರಡನೆಯದು ಬರೀ ಒಂದು ಪದ: 'ಚಿಂದಿ.' ನಮ್ಮಮ್ಮನ ಬಾಯಲ್ಲಿ ಚಿಂದಿ ಅಂದರೆ ಒಲೆ ಕಟ್ಟೆ ಒರೆಸೋ ಬಟ್ಟೆ. ಹುಡುಗರ ಬಾಯಲ್ಲಿ ಅದೇ 'ಚಿಂದಿ ಮಗಾ' ಅಂದರೆ ಬೆಂಕಿ. ಇದು ಯಾವ ಚಿಂದಿ ಅಂತ ಮೆಸೇಜ್ ಮಾಡಿ ಕೇಳಿದೆ. 'ಎರಡೂ' ಅಂದ.

ಮುಂದಿನ ಜಾಕೆಟ್‌ನ ಬೆನ್ನಿಗೆ ಅದೇ ಪದ. ಹಳೇ ಜೀನ್ಸ್‌ನ ಪಟ್ಟಿ ಕತ್ತರಿಸಿ, ಅಂಚು ಬಿಚ್ಚಿ, ದಪ್ಪ ಅಕ್ಷರದಲ್ಲಿ 'ಚಿಂದಿ' ಅಂತ ಹೊಲಿದೆ. ಕೊಂಡವನು ಇಲಿ ಕೂಲಿ ಕೇಳಿದವನೇ.

ಹರಿಯೋದು ಸುಲಭ ಅಂದುಕೊಂಡಿದ್ದೆ. ಡೆನಿಮ್‌ನಲ್ಲಿ ಉದ್ದದ ಎಳೆ ನೀಲಿ, ಅಡ್ಡ ಎಳೆ ಬಿಳಿ. ಎರಡು ಬೆರಳಷ್ಟು ಅಂತರ ಬಿಟ್ಟು ಎರಡು ಅಡ್ಡ ಗೀರು ಹಾಕಿ, ನಡುವಿನ ನೀಲಿ ಎಳೆಗಳನ್ನು ಚಿಮಟದಿಂದ ಒಂದೊಂದಾಗಿ ಕೀಳಬೇಕು. ಆಗ ಬಿಳಿ ಎಳೆ ಮಾತ್ರ ಏಣಿ ಮೆಟ್ಟಿಲಿನ ಹಾಗೆ ಉಳಿಯುತ್ತೆ. ಒಂದು ತೂತಿಗೆ ಮುಕ್ಕಾಲು ಗಂಟೆ, ಕುತ್ತಿಗೆ ನೋವು ಬೇರೆ. ಸ್ಟ್ರೆಚ್ ಡೆನಿಮ್ ಮುಟ್ಟಲೇಬೇಡಿ, ಅಡ್ಡ ಎಳೆಯಲ್ಲಿ ಇಲಾಸ್ಟಿಕ್ ಇರುತ್ತೆ, ಜೋತು ಬೀಳುತ್ತೆ. ಬ್ಲೀಚ್ ಹಾಕಿ ಬರೀ ನೀರಲ್ಲಿ ಜಾಲಿಸಿ ಒಣಗಿಸಿದ ಒಂದು ಪ್ಯಾಂಟು ಮೂರೇ ವಾರಕ್ಕೆ ಮೊಣಕಾಲಲ್ಲಿ ಪುಡಿಪುಡಿಯಾಯ್ತು. ಗಿರಾಕಿ ಬಸ್ಸಲ್ಲಿದ್ದ. ದುಡ್ಡು ವಾಪಸ್ ಕೊಟ್ಟೆ.

ಗೇಲಿಯ ಬಲ ಅರ್ಥವಾಗಿದ್ದು 2022ರ ಮೇ ತಿಂಗಳಲ್ಲಿ. ಬಾಲೆನ್ಸಿಯಾಗ ಅನ್ನೋ ದುಬಾರಿ ಫ್ಯಾಷನ್ ಕಂಪನಿಯವರು 'ಪ್ಯಾರಿಸ್ ಸ್ನೀಕರ್' ಅನ್ನೋ ಶೂ ಬಿಟ್ಟರು. ಅದರಲ್ಲಿ ಪೂರ್ತಿ ಹರಿದ ಮಾದರಿ 100 ಜೋಡಿ ಮಾತ್ರ, ಜೋಡಿಗೆ 1,850 ಡಾಲರ್. ಜಾಹೀರಾತಿನ ಫೋಟೊದ ಶೂಗಳಂತೂ ಚರಂಡಿಯಿಂದ ಎತ್ತಿದ ಹಾಗಿದ್ದವು. ನಾನೂ ನಕ್ಕು ಹತ್ತು ಜನಕ್ಕೆ ಕಳಿಸಿದೆ. ಕಳಿಸಿದ ಮೇಲೆ ಹೊಳೀತು, ಅವರ ಜಾಹೀರಾತನ್ನ ಪುಕ್ಕಟೆಯಾಗಿ ಹೊತ್ತು ತಿರುಗಿದ್ದೀನಿ ಅಂತ. ಅದಕ್ಕೂ ಹಿಂದಿನ ವರ್ಷ ಮಾರ್ಚ್‌ನಲ್ಲಿ ಉತ್ತರಾಖಂಡದ ಆಗಿನ ಮುಖ್ಯಮಂತ್ರಿ ತೀರಥ್ ಸಿಂಗ್ ರಾವತ್ ಹರಿದ ಜೀನ್ಸ್ ಹಾಕೋ ಹೆಂಗಸರ ಬಗ್ಗೆ ಟೀಕೆ ಮಾಡಿದ್ದಕ್ಕೆ ಹೆಂಗಸರು ಸಾಲುಸಾಲಾಗಿ ಹರಿದ ಜೀನ್ಸ್ ಫೋಟೊ ಹಾಕಿದ್ದರಲ್ಲ, ನನ್ನ ತಂಗಿಯ ಪ್ಯಾಂಟಿಗೆ ನಾನು ಮೊದಲ ಸಲ ಬ್ಲೇಡ್ ಹಾಕಿದ್ದು ಆ ವಾರವೇ.

ಗೇಲಿ ಬರೀ ಪ್ರಚಾರಕ್ಕಲ್ಲ, ಕಸುಬಿಗೂ ಆಗುತ್ತೆ. 'ಎರಡೂ ಮೊಣಕಾಲಿಗೆ ಸ್ಕೇಲ್ ಇಟ್ಟು ಬಿದ್ದವ್ನೆ' ಅಂತ ಒಬ್ಬ ಬರೆದ. ಸಿಟ್ಟು ಬಂತು, ಆದರೆ ಅವನ ಮಾತು ನಿಜ. ನಮ್ಮ ಬೀದಿಯಲ್ಲಿ ರಫೂ ಮಾಡೋ ಚಾಚಾ ಹತ್ತಿರ ಹೋಗಿ ಕೇಳಿದೆ. 'ದುಡಿಯೋರ ಪ್ಯಾಂಟು ಮೊದಲು ಹರಿಯೋದು ಮೊಣಕಾಲಲ್ಲಲ್ಲಪ್ಪಾ. ಜೇಬಿನ ಬಾಯಿ, ತೊಡೆಸಂದು, ಹಿಮ್ಮಡಿ ತುಳಿಯೋ ಮಡಿಕೆ' ಅಂದರು. ಅವತ್ತಿಂದ ಮೊಣಕಾಲು ಬಿಟ್ಟೆ. ಜೇಬಿನ ಬಾಯಿಗೆ ಮರಳು ಕಾಗದ ಉಜ್ಜುತ್ತೀನಿ, ಹಿಮ್ಮಡಿ ಅಂಚನ್ನ ಕಲ್ಲಿಗೆ ತಿಕ್ಕುತ್ತೀನಿ. ತೊಡೆಸಂದಿನ ತಂಟೆಗೆ ಹೋಗಲ್ಲ.

ಎಲ್ಲ ಬೈಗುಳವನ್ನೂ ಹೊಲಿಯೋಕಾಗಲ್ಲ. ಅತಿ ಹೆಚ್ಚು ನಗು ಬಿದ್ದಿದ್ದು 'ಭಿಕ್ಷುಕ ಕಲೆಕ್ಷನ್' ಅನ್ನೋ ಜೋಕಿಗೆ. ಅಚ್ಚು ಕೂಡ ಕತ್ತರಿಸಿದ್ದೆ. ಚಾಚಾ ಅಂಗಡಿಗೆ ತಗೊಂಡು ಹೋದ ದಿನ, ಹಾಸಿಗೆ ಹರವಿಕೊಂಡು ಎದುರಿಗೇ ಕೂತಿದ್ದವನ ಅಂಗಿಯಲ್ಲಿ ನಾನು ಗಂಟೆಗಟ್ಟಲೆ ಕೂತು ಮಾಡೋ ತೂತುಗಳೇ ಇದ್ದವು. ನನ್ನದಕ್ಕಿಂತ ಚೆನ್ನಾಗಿ. ಅಚ್ಚನ್ನ ಚೀಲದಿಂದ ಆಚೆ ತೆಗೀಲಿಲ್ಲ.

ಈಗ ಅಮ್ಮನೂ ಗೇಲಿಗೆ ಇಳಿದಿದ್ದಾಳೆ. ಹೋದ ವಾರ ತಂತಿ ಮೇಲೆ ಒಣಹಾಕಿದ್ದ ಹೊಸ ಜಾಕೆಟ್ ಹಿಡಿದು, 'ಇದನ್ನ ಮಡಚಿಡಲೋ, ಒಲೆ ಕಟ್ಟೆಗೆ ಇಟ್ಕೊಳ್ಳಲೋ?' ಅಂದಳು. ಕಾಲರಿನ ಒಳಗೆ ಹೊಲಿಯೋ ಲೇಬಲ್‌ನಲ್ಲಿ ಈಗ ಅಳತೆಯ ಕೆಳಗೆ ಒಂದು ಸಾಲು ಇದೆ: 'ಅಮ್ಮನ ಕೈಗೆ ಸಿಗದಂತೆ ಒಣಗಿಸಿ.'