ಮೆಮೊರಿ ಕಾರ್ಡ್ ತುಂಬಿಸುತ್ತಿದ್ದವನ ಡೌನ್‌ಲೋಡ್ ಪುರಾಣ

ಅರಸೀಕೆರೆಯಲ್ಲಿ ನನ್ನದೊಂದು ಸಣ್ಣ ಮೊಬೈಲ್ ಅಂಗಡಿ. ರಿಪೇರಿ, ರೀಚಾರ್ಜ್, ಕವರ್, ಗ್ಲಾಸ್ ಹಾಕೋದು. ಈಗ ಹೇಳಿದರೆ ಅಂಗಡಿ ಹುಡುಗ ನಗುತ್ತಾನೆ, ಆದರೆ ಒಂದು ಕಾಲಕ್ಕೆ ನನಗೆ ಬಾಡಿಗೆ ಹುಟ್ಟುತ್ತಿದ್ದದ್ದು ಮೆಮೊರಿ ಕಾರ್ಡಿನಿಂದ. ನಾಲ್ಕು ಜಿಬಿ ಕಾರ್ಡಿಗೆ ಹಾಡು ತುಂಬಿಸಿದರೆ 30 ರೂಪಾಯಿ. ಸಿನಿಮಾ ಬೇಕಂದರೆ ಒಂದಕ್ಕೆ 10 ರೂಪಾಯಿ ಜಾಸ್ತಿ. ನಮ್ಮದು ಜಂಕ್ಷನ್ ಊರು. ರಾತ್ರಿ ಗಾಡಿ ಹತ್ತುವವರು ಸಂಜೆ ಕಾರ್ಡು ಕೊಟ್ಟು, ಟೀ ಕುಡಿದು ಬಂದು ಇಸ್ಕೊಂಡು ಹೋಗುತ್ತಿದ್ದರು.

ಆಮೇಲೆ ನೆಟ್ ಬಂತು, ಕೇಳುವುದೂ ಬದಲಾಯಿತು. "ಯೂಟ್ಯೂಬಲ್ಲಿ ಒಂದು ವಿಡಿಯೊ ಐತೆ, ಕಾರ್ಡಿಗೆ ಹಾಕ್ಕೊಡಣ್ಣ." ಟೌನಿನಲ್ಲಿ ಸಿಗ್ನಲ್ ಇದೆ, ತೋಟದ ಮನೆಯಲ್ಲಿ ಇಲ್ಲ. ಕೇಳಿದ್ದರಲ್ಲಿ ತಪ್ಪೇನು, ಅಲ್ವಾ? ನಾನೂ ಶುರು ಮಾಡಿದೆ.

ಮೊದಮೊದಲು ಲಿಂಕ್ ಅಂಟಿಸಿದರೆ ಫೈಲ್ ಕೊಡುವ ವೆಬ್‌ಸೈಟ್‌ಗಳು. ಪುಟ ತೆಗೆದರೆ 'ಡೌನ್‌ಲೋಡ್' ಅಂತ ನಾಲ್ಕು ಬಟನ್. ಅದರಲ್ಲಿ ಮೂರು ಜಾಹೀರಾತು. ನಿಜವಾದದ್ದು ಸಾಮಾನ್ಯವಾಗಿ ಎಲ್ಲಕ್ಕಿಂತ ಚಿಕ್ಕದು, ಬಣ್ಣವೂ ಇಲ್ಲದ್ದು. ಅದನ್ನು ಗುರುತಿಸುವುದೇ ಒಂದು ವಿದ್ಯೆ ಅಂತ ನನಗೆ ಹೆಮ್ಮೆ ಬೇರೆ. ಒಂದು ಸಲ ಯಾವುದೋ ಸೈಟು 'ನೋಟಿಫಿಕೇಶನ್ ಅಲೋ ಮಾಡಿ' ಅಂತ ಕೇಳಿದ್ದಕ್ಕೆ ಸುಮ್ನೆ ಒತ್ತಿಬಿಟ್ಟೆ. ಆಮೇಲೆ ಮೂರು ತಿಂಗಳು ಕಂಪ್ಯೂಟರಿನ ಮೂಲೆಯಲ್ಲಿ 'ನಿಮ್ಮ ಸಿಸ್ಟಂನಲ್ಲಿ ಐದು ವೈರಸ್ ಇವೆ' ಅಂತ ಕೂಗಾಟ. ಬ್ರೌಸರ್ ಸೆಟ್ಟಿಂಗ್ಸ್‌ನಲ್ಲಿ ಅನುಮತಿ ತೆಗೆದರೆ ನಿಲ್ಲುತ್ತದೆ ಅನ್ನೋದು ಗೊತ್ತಾಗಲು ಅಷ್ಟು ದಿನ ಬೇಕಾಯಿತು.

ಅಕ್ಕನ ಮಗ ಇಂಜಿನಿಯರಿಂಗ್ ಓದುತ್ತಿದ್ದ. ಅವನು ಬಂದು 'ಇದೆಲ್ಲಾ ಬಿಡು ಮಾವ' ಅಂತ ಕಪ್ಪು ಪರದೆಯಲ್ಲಿ ಓಡುವ ಒಂದು ಟೂಲ್ ತೋರಿಸಿದ, ವೈಟಿ-ಡಿಎಲ್‌ಪಿ ಅಂತ. ಸ್ಟ್ರೀಮಿಂಗ್ ಅಂದರೆ ಏನು ಅಂತ ಅವತ್ತೇ ಸರಿಯಾಗಿ ಅರ್ಥವಾಗಿದ್ದು. ವಿಡಿಯೊ ಇಡಿಯಾಗಿ ಬರುವುದಿಲ್ಲ, ತುಂಡು ತುಂಡಾಗಿ ಬರುತ್ತದೆ. ಒಳ್ಳೇ ಕ್ವಾಲಿಟಿಯದಾದರೆ ಚಿತ್ರವೇ ಬೇರೆ, ಧ್ವನಿಯೇ ಬೇರೆ. ಟೂಲು ಆ ತುಂಡುಗಳನ್ನೆಲ್ಲ ಹೆಕ್ಕಿ ಹೊಲಿಯುತ್ತದೆ. ಹೊಲಿಯುವ ಸಾಫ್ಟ್‌ವೇರ್ ಬೇರೆಯಾಗಿ ಹಾಕಿಕೊಳ್ಳಬೇಕು. ನಾನು ಹಾಕಿರಲಿಲ್ಲ. "ಇದೇನಣ್ಣ, ಮೂಕಿ ಪಿಚ್ಚರ್ ಹಾಕ್ಕೊಟ್ಟಿದ್ದೀಯ" ಅಂತ ಕಾರ್ಡು ವಾಪಸ್ ತಂದವರಿದ್ದಾರೆ.

ಆ ಟೂಲಿಗೊಂದು ಹಿನ್ನೆಲೆ ಇದೆ. ಅದರ ಮೂಲ ಯೂಟ್ಯೂಬ್-ಡಿಎಲ್. 2020ರ ಅಕ್ಟೋಬರ್‌ನಲ್ಲಿ ಅಮೆರಿಕದ ರೆಕಾರ್ಡಿಂಗ್ ಕಂಪನಿಗಳ ಸಂಘ ಆರ್‌ಐಎಎ ದೂರು ಕೊಟ್ಟು, ಸಾಫ್ಟ್‌ವೇರ್ ಬರೆಯುವವರು ತಮ್ಮ ಕೋಡ್ ಇಡುವ ಗಿಟ್‌ಹಬ್ ಅನ್ನೋ ಸೈಟಿನಿಂದ ಅದನ್ನು ತೆಗೆಸಿತು. ನವೆಂಬರ್‌ನಲ್ಲಿ ಗಿಟ್‌ಹಬ್ ವಾಪಸ್ ಹಾಕಿತು. ಇಂಥ ಟೂಲ್ ಬರೆಯುವವರ ಪರ ನಿಲ್ಲಲು 10 ಲಕ್ಷ ಡಾಲರ್ ಎತ್ತಿಟ್ಟಿತು ಕೂಡ. ಇದನ್ನು ಕೇಳಿ ನಾನು 'ನೋಡು, ಲೀಗಲ್ಲೇ' ಅಂದುಕೊಂಡೆ. ಕತ್ತಿ ಮಾರುವುದು ತಪ್ಪಲ್ಲ ಅಂದ ಮಾತ್ರಕ್ಕೆ ಕತ್ತಿಯಲ್ಲಿ ಏನು ಮಾಡಿದರೂ ನಡೆಯುತ್ತೆ ಅಂದುಕೊಂಡ ಹಾಗೆ.

ಅಂಗಡಿಯಲ್ಲಿ ಕೂತು ನಾನು ಕಂಡುಕೊಂಡದ್ದು ಇದು. ಇಂಥ ಟೂಲು ಕೆಲಸ ಮಾಡುತ್ತಿರುವಾಗ ಅಷ್ಟು ಭಯವಿಲ್ಲ. ಕೆಟ್ಟಾಗ ಇದೆ ಭಯ. ಯೂಟ್ಯೂಬ್‌ನವರು ಒಳಗಡೆ ಏನೋ ಬದಲಾಯಿಸುತ್ತಾರೆ, ಇವತ್ತು ಓಡಿದ್ದು ನಾಳೆ ಓಡಲ್ಲ. ಗಿರಾಕಿ ಎದುರಿಗೆ ನಿಂತಿರುತ್ತಾನೆ. ಆಗ ಗೂಗಲ್‌ನಲ್ಲಿ 'ಹೊಸ ವಿಡಿಯೊ ಡೌನ್‌ಲೋಡರ್' ಅಂತ ಹುಡುಕುತ್ತೇವೆ ನೋಡಿ, ಮೋಸ ಮಾಡುವವನು ಕಾಯುತ್ತಿರುವುದು ಆ ಗಳಿಗೆಗೇ.

2023ರಲ್ಲಿ ನನಗಾಗಿದ್ದೂ ಹಾಗೇ. ಒಂದು ಸೈಟಿನಲ್ಲಿ ಜಿಪ್ ಫೈಲು ಸಿಕ್ಕಿತು. ಪಾಸ್‌ವರ್ಡ್ 1234 ಅಂತ ಪಕ್ಕದಲ್ಲೇ ಬರೆದಿತ್ತು. ಡೌನ್‌ಲೋಡರ್‌ಗೆ ಯಾಕಪ್ಪ ಪಾಸ್‌ವರ್ಡ್ ಅಂತ ಅವತ್ತು ನನಗೆ ಹೊಳೆಯಲಿಲ್ಲ. ಪಾಸ್‌ವರ್ಡ್ ಇದ್ದರೆ ಆಂಟಿವೈರಸ್ಸಿಗೆ ಜಿಪ್ ಒಳಗೆ ಏನಿದೆ ಅಂತ ನೋಡಲು ಆಗುವುದಿಲ್ಲ, ಅದಕ್ಕೇ ಇರೋದು ಅದು. ಒಳಗಿದ್ದ ಫೈಲನ್ನು ಎರಡು ಸಲ ಒತ್ತಿದೆ. ಏನೂ ಆಗಲಿಲ್ಲ. ಒಂದು ಸಣ್ಣ ಕಿಟಕಿ ಬಂದು ಹೋಯಿತು, ಅಷ್ಟೇ. 'ಹಾಳಾಗಿದೆ ಫೈಲು' ಅಂತ ಅಳಿಸಿ ಹಾಕಿದೆ.

ಎರಡು ದಿನ ಕಳೆದು ಬೆಳಿಗ್ಗೆ ಅಂಗಡಿ ತೆಗೆದರೆ ರೀಚಾರ್ಜ್ ವ್ಯಾಲೆಟ್ಟಿನಲ್ಲಿ ಹಣವಿಲ್ಲ. 11,400 ರೂಪಾಯಿ. ನಾನು ಕಂಡೇ ಇರದ ನಂಬರುಗಳಿಗೆ ರೀಚಾರ್ಜ್ ಆಗಿದೆ. ನನಗೆ ಒಟಿಪಿಯೂ ಬಂದಿಲ್ಲ. ಹೇಗೆ ಸಾಧ್ಯ? ಅಕ್ಕನ ಮಗ ಹೇಳಿದ, "ಮಾವ, ನಿನ್ನ ಪಾಸ್‌ವರ್ಡ್ ಕದ್ದಿಲ್ಲ, ಕುಕಿ ಕದ್ದಿದ್ದಾರೆ." ನಾವು ಒಮ್ಮೆ ಲಾಗಿನ್ ಆದ ಮೇಲೆ ಬ್ರೌಸರ್ ಒಂದು ಗುರುತಿನ ಚೀಟಿ ಇಟ್ಟುಕೊಂಡಿರುತ್ತದೆ. ಆ ಚೀಟಿ ಇದ್ದರೆ ಎಷ್ಟೋ ಕಡೆ ಮತ್ತೆ ಒಟಿಪಿ ಕೇಳುವುದೇ ಇಲ್ಲ. ನಾನೇನು ದಡ್ಡನೊಬ್ಬನೇ ಅಲ್ಲ ಅಂತ ಸಮಾಧಾನಕ್ಕೆ ಹೇಳುತ್ತೇನೆ: ಅದೇ ವರ್ಷ ಮಾರ್ಚ್‌ನಲ್ಲಿ ಕೆನಡಾದ ಲೈನಸ್ ಟೆಕ್ ಟಿಪ್ಸ್ ಅನ್ನೋ ದೊಡ್ಡ ಕಂಪ್ಯೂಟರ್ ಚಾನಲ್ಲೇ ಹೀಗೆ ಲಾಗಿನ್ ಚೀಟಿ ಕದ್ದವರ ಕೈಗೆ ಸಿಕ್ಕಿತ್ತು.

ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಫೋನ್ ಮಾಡಿದೆ, ಸೈಬರ್ ಕ್ರೈಂ ಪೋರ್ಟಲ್ಲಿನಲ್ಲೂ ದೂರು ಕೊಟ್ಟೆ. ಹಣ ಬರಲಿಲ್ಲ. ಗೊತ್ತಾದ ತಕ್ಷಣ ಮಾಡಬೇಕು, ನಾನು ಅರ್ಧ ದಿನ ತಲೆ ಮೇಲೆ ಕೈ ಹೊತ್ತು ಕೂತಿದ್ದೆ. ಆಮೇಲೆ ಹಾರ್ಡ್ ಡಿಸ್ಕ್ ಪೂರ್ತಿ ಫಾರ್ಮ್ಯಾಟ್ ಮಾಡಿ, ಬೇರೆ ಫೋನಿನಿಂದ ಎಲ್ಲಾ ಪಾಸ್‌ವರ್ಡ್ ಬದಲಾಯಿಸಿ, ಎಲ್ಲಾ ಕಡೆ 'ಸೈನ್ ಔಟ್' ಒತ್ತಿದೆ. ಪಾಸ್‌ವರ್ಡ್ ಬದಲಾಯಿಸಿದರೆ ಮಾತ್ರ ಸಾಲದು, ಹಳೇ ಚೀಟಿಗಳನ್ನೂ ರದ್ದು ಮಾಡಬೇಕು.

ಇನ್ನು ಫೋನಿನ ಕಥೆ. ವಾರಕ್ಕೆ ಒಂದೆರಡಾದರೂ ಬರುತ್ತವೆ, "ಹ್ಯಾಂಗ್ ಆಗ್ತೈತೆ, ಚಾರ್ಜ್ ನಿಲ್ತಿಲ್ಲ" ಅಂತ. ಹೋದ ತಿಂಗಳು ಒಬ್ಬ ಆಟೊ ಓಡಿಸುವ ಹುಡುಗನ ಫೋನು. ಲಾಕ್ ತೆಗೆದ ಕೂಡಲೇ ಪರದೆ ತುಂಬಾ ಜಾಹೀರಾತು, ಮುಚ್ಚಿದರೆ ಇನ್ನೊಂದು. "ವಿಡಿಯೊ ಡೌನ್‌ಲೋಡ್ ಮಾಡೋ ಆ್ಯಪ್ ಹಾಕಿದ್ಯೇನೋ?" ಅಂದೆ. "ಹಾಕಿದ್ದೆ ಅಣ್ಣ, ಆಮೇಲೆ ಕಾಣ್ತಾನೇ ಇಲ್ಲ, ಹೋಗಿರ್ಬೇಕು." ಹೋಗಿರಲಿಲ್ಲ, ಐಕಾನ್ ಬಚ್ಚಿಟ್ಟುಕೊಂಡಿತ್ತು. ಹೊರಗಿನಿಂದ ಹಾಕಿದ ಆ್ಯಪ್‌ಗಳು ಓಡದ ಸೇಫ್ ಮೋಡಿಗೆ ಹಾಕಿ ಆ್ಯಪ್‌ಗಳ ಪೂರ್ತಿ ಪಟ್ಟಿ ತೆಗೆದರೆ, ಹೆಸರೇ ಇಲ್ಲದ ಒಂದು ಬಿಳೀ ಚೌಕ. ಅದಕ್ಕೆ ಬೇರೆ ಆ್ಯಪ್‌ಗಳ ಮೇಲೆ ಕಾಣಿಸಿಕೊಳ್ಳುವ ಅನುಮತಿ ಇತ್ತು, ಮೆಸೇಜ್ ಓದುವ ಅನುಮತಿ ಇತ್ತು, ಅಕ್ಸೆಸಿಬಿಲಿಟಿಯೂ ಆನ್ ಆಗಿತ್ತು. ಪರದೆ ಮೇಲಿರುವುದನ್ನು ಓದಿ, ನಮ್ಮ ಪರವಾಗಿ ತಾನೇ ಬಟನ್ ಒತ್ತಬಲ್ಲ ಅನುಮತಿ ಅದು. ಕಣ್ಣು ಕಾಣದವರ ಅನುಕೂಲಕ್ಕೆ ಮಾಡಿದ್ದು. ವಿಡಿಯೊ ಇಳಿಸುವ ಆ್ಯಪ್‌ಗೆ ಯಾಕೆ? ಅನುಮತಿಗಳನ್ನು ಒಂದೊಂದಾಗಿ ಕಿತ್ತು, ಆಮೇಲೆ ಅನ್‌ಇನ್‌ಸ್ಟಾಲ್ ಮಾಡಿದೆ. ಮೊದಲೇ ಅನ್‌ಇನ್‌ಸ್ಟಾಲ್ ಒತ್ತಿದರೆ ಬಟನ್ ಬೂದು ಬಣ್ಣದಲ್ಲೇ ಕೂತಿತ್ತು.

ಯೂಟ್ಯೂಬ್ ವಿಡಿಯೊ ಇಳಿಸುವ ಆ್ಯಪ್‌ಗಳಿಗೆ ಪ್ಲೇ ಸ್ಟೋರ್‌ನಲ್ಲಿ ಜಾಗವಿಲ್ಲ. ಹಾಗಾಗಿ ಎಪಿಕೆ, ಅಂದರೆ ಆ್ಯಪ್ ಹಾಕುವ ಫೈಲು, ಹೊರಗಿನಿಂದಲೇ ಬರಬೇಕು. ಹೊರಗಿನಿಂದ ಬಂದದ್ದೆಲ್ಲಾ ವಿಷ ಅಂತಲ್ಲ, ಆದರೆ ಯಾವುದು ಅಸಲಿ, ಯಾವುದು ಅದೇ ಹೆಸರಿನ ನಕಲಿ ಅಂತ ಹೇಳುವವರು ಯಾರೂ ಇಲ್ಲ. 2025ರ ಮಾರ್ಚ್‌ನಲ್ಲಿ ಅಮೆರಿಕದ ಎಫ್‌ಬಿಐನ ಡೆನ್ವರ್ ಕಚೇರಿಯೂ ಇಂಥ ಬಿಟ್ಟಿ ಕನ್ವರ್ಟರ್, ಡೌನ್‌ಲೋಡರ್‌ಗಳ ಬಗ್ಗೆ ಎಚ್ಚರಿಸಿತ್ತು. ಹೇಳಿದ ಕೆಲಸ ಮಾಡಿಯೇ ಕೊಡುತ್ತವೆ, ಜೊತೆಗೆ ಮಾಲ್‌ವೇರನ್ನೂ, ಅಂದರೆ ಕದಿಯುವ, ಹಾಳುಮಾಡುವ ಸಾಫ್ಟ್‌ವೇರನ್ನೂ ಇಟ್ಟು ಹೋಗುತ್ತವೆ ಅಂತ. ಕೆಲಸ ಮಾಡಿಕೊಡುವುದರಿಂದಲೇ ನಮಗೆ ಅನುಮಾನ ಬರುವುದಿಲ್ಲ.

ಕಾನೂನಿನ ವಿಷಯ ನನ್ನ ತಲೆಗೆ ಬಂದದ್ದು ಇನ್ನೂ ತಡವಾಗಿ. ಡಿಸ್‌ಪ್ಲೇ ಹಾಕಿಸಲು ಬಂದ ವಕೀಲರೊಬ್ಬರು, ನಾನು ಇನ್ನೊಬ್ಬರಿಗೆ ಸಿನಿಮಾ ಕಾಪಿ ಮಾಡುತ್ತಿದ್ದುದನ್ನು ನೋಡಿದರು. "ಎಷ್ಟು ತಗೋತೀರಿ ಇದಕ್ಕೆ?" ಅಂದರು. ಹೇಳಿದೆ. "ಆ 10 ರೂಪಾಯೀಲೇ ಇರೋದು ನೋಡಿ ಕಷ್ಟ" ಅಂದರು.

ಗ್ಲಾಸ್ ಅಂಟುವವರೆಗೂ ಕೂತು ವಿವರಿಸಿದರು. ನಮ್ಮ 1957ರ ಕಾಪಿರೈಟ್ ಕಾಯ್ದೆಯ 52ನೇ ಸೆಕ್ಷನ್‌ನಲ್ಲಿ ಸ್ವಂತ ಬಳಕೆಗೆ, ಓದಿಗೆ, ವಿಮರ್ಶೆಗೆ ನ್ಯಾಯವಾಗಿ ಬಳಸಿಕೊಳ್ಳಲು ಸ್ವಲ್ಪ ಜಾಗವಿದೆ. ಹಾಗಂತ ಏನು ಬೇಕಾದರೂ ಇಳಿಸಿಕೊಳ್ಳಬಹುದು ಅಂತಲ್ಲ. ಇನ್ನು ದುಡ್ಡು ತಗೊಂಡು ಬೇರೆಯವರಿಗೆ ತುಂಬಿಸಿಕೊಟ್ಟರೆ ಅದು ಸ್ವಂತ ಬಳಕೆಯೇ ಅಲ್ಲ. 63ನೇ ಸೆಕ್ಷನ್: 6 ತಿಂಗಳಿಂದ 3 ವರ್ಷ ಜೈಲು, 50 ಸಾವಿರದಿಂದ 2 ಲಕ್ಷದವರೆಗೆ ದಂಡ. 2022ರಲ್ಲಿ ಸುಪ್ರೀಂ ಕೋರ್ಟ್ ಇದನ್ನು ಜಾಮೀನುರಹಿತ ಅಪರಾಧ ಅಂತಲೇ ಹೇಳಿದೆ. ಸಬ್‌ಇನ್‌ಸ್ಪೆಕ್ಟರ್ ಬಂದು ವಾರಂಟ್ ಇಲ್ಲದೆ ಕಾಪಿಗಳನ್ನು ಜಪ್ತಿ ಮಾಡಬಹುದು. ನನ್ನ ಬಾಯಿ ಒಣಗಿದ್ದು ಅದರ ಮುಂದಿನ ಮಾತಿಗೆ. ಕರ್ನಾಟಕದಲ್ಲಿ ನಾವು ಗೂಂಡಾ ಕಾಯ್ದೆ ಅಂತ ಕರೆಯುವ 1985ರ ಕಾಯ್ದೆ ಇದೆಯಲ್ಲ, ಅದರ ಉದ್ದ ಹೆಸರಿನಲ್ಲಿ ಗೂಂಡಾಗಳು, ಜೂಜುಕೋರರ ಜೊತೆ ವಿಡಿಯೊ, ಆಡಿಯೊ ಪೈರಸಿ ಮಾಡುವವರೂ ಇದ್ದಾರೆ. 2014ರಲ್ಲಿ 'ಡಿಜಿಟಲ್ ಅಪರಾಧಿ'ಗಳೂ ಸೇರಿದರು. ಹಾಡು ತುಂಬಿಸುವ ನಾನು ಆ ಸಾಲಿನಲ್ಲಿ!

"ಒಟಿಟಿದು ಇಳಿಸಿದ್ರೆ?" ಅಂತ ಕೇಳಿದೆ. ಅದು ಇನ್ನೊಂದು ಮೆಟ್ಟಿಲು ಅಂದರು. ಅಲ್ಲಿ ವಿಡಿಯೊಗೆ ಬೀಗ ಇರುತ್ತದೆ. ಸ್ಕ್ರೀನ್ ರೆಕಾರ್ಡ್ ಮಾಡಲು ಹೋದರೆ ಪರದೆ ಕಪ್ಪಾಗುವುದು ಆ ಬೀಗದಿಂದಲೇ. ಹಕ್ಕು ಉಲ್ಲಂಘಿಸುವ ಉದ್ದೇಶದಿಂದ ಅದನ್ನು ಒಡೆದರೆ, 2012ರಲ್ಲಿ ಸೇರಿಸಿದ 65ಎ ಸೆಕ್ಷನ್ ಪ್ರಕಾರ 2 ವರ್ಷದವರೆಗೆ ಜೈಲು. ಯೂಟ್ಯೂಬಿನದು ಬೇರೆ ಲೆಕ್ಕ. ಅವರೇ ಬಟನ್ ಕೊಟ್ಟಿರದಿದ್ದರೆ ಇಳಿಸಬಾರದು ಅಂತ ಅವರ ನಿಯಮದಲ್ಲಿದೆ, ನಾವೆಲ್ಲ ಓದದೆ ಒಪ್ಪಿದ್ದೇವೆ. ಅದನ್ನು ಮುರಿದರೆ ಜೈಲಿಗಿಂತ ಮೊದಲು ಹೋಗುವುದು ಅಕೌಂಟು. ಲಾಗಿನ್ ಕುಕಿ ಕೊಟ್ಟು ಇಳಿಸಿದರೆ ಅಕೌಂಟ್ ಬ್ಯಾನ್ ಆಗಬಹುದು ಅಂತ ವೈಟಿ-ಡಿಎಲ್‌ಪಿಯವರೇ ಬರೆದಿದ್ದಾರೆ. ಜೀಮೇಲ್, ಫೋಟೊ, ಕಾಂಟ್ಯಾಕ್ಟ್ ಎಲ್ಲಾ ಅದೇ ಅಕೌಂಟಿನಲ್ಲಿ ಇಟ್ಟುಕೊಂಡು ಒಂದು ವಿಡಿಯೊಗಾಗಿ ಈ ಆಟ ಬೇಕಾ?

ಹೀಗೆ ಕಾರ್ಡು ತುಂಬಿಸುವುದು ನಿಂತಿತು. ನಿಜ ಹೇಳಬೇಕಂದರೆ ಆ ಹೊತ್ತಿಗೆ ವ್ಯಾಪಾರವೂ ಸತ್ತಿತ್ತು, ತ್ಯಾಗ ಅಂತೇನೂ ಇಲ್ಲ. ಈಗ ಯಾರಾದರೂ ಕೇಳಿದರೆ ಯೂಟ್ಯೂಬ್ ಆ್ಯಪ್ಪಿನೊಳಗೇ ಇರುವ ಡೌನ್‌ಲೋಡ್ ಬಟನ್ ತೋರಿಸುತ್ತೇನೆ. 2014ರಿಂದಲೇ ನಮ್ಮ ದೇಶದಲ್ಲಿ ಅದು ಇದೆ, ಪ್ರೀಮಿಯಂ ಇಲ್ಲದೆಯೂ ಎಷ್ಟೋ ವಿಡಿಯೊಗಳಿಗೆ ಸಿಗುತ್ತದೆ, ಜನಕ್ಕೆ ಗೊತ್ತಿಲ್ಲ. ಆಗಾಗ ನೆಟ್ ತೋರಿಸಬೇಕು, ಅಷ್ಟೇ. ಮಕ್ಕಳ ಪಾಠ ಆದರೆ ಸರ್ಕಾರದ ದೀಕ್ಷಾ ಆ್ಯಪ್, ಇಂಜಿನಿಯರಿಂಗ್ ಹುಡುಗರಿಗೆ ಐಐಟಿಗಳ ಪಾಠವಿರುವ ಎನ್‌ಪಿಟಿಇಎಲ್. ಎರಡರಲ್ಲೂ ಅವರೇ ಇಳಿಸಿಕೊಳ್ಳಿ ಅಂತ ಕೊಟ್ಟಿದ್ದಾರೆ.

ಬಟನ್ ಇಲ್ಲದ ವಿಡಿಯೊ ಆದರೆ? ಜಾವಗಲ್ ಕಡೆಯ ಯಜಮಾನರೊಬ್ಬರು ಬಂದಿದ್ದರು. ತೆಂಗಿಗೆ ಕಪ್ಪುತಲೆ ಹುಳು ಬಿದ್ದು ಗರಿಯೆಲ್ಲಾ ಸುಟ್ಟ ಹಾಗಾಗಿದೆ. ಆ ಹುಳುವನ್ನು ತಿನ್ನುವ ಗೋನಿಯೋಜಸ್ ಅನ್ನೋ ಪುಟ್ಟ ಕಣಜ ಬಿಡುವುದು ಹೇಗೆ ಅಂತ ಒಂದು ವಿಡಿಯೊ. ಕೂಲಿಯವರಿಗೆ ತೋಟದಲ್ಲೇ ತೋರಿಸಬೇಕಂತೆ. ಅಲ್ಲಿ ಸಿಗ್ನಲ್ ಇಲ್ಲ. ಹಳೇ ಕೈ, ಟೂಲ್ ಹುಡುಕೋಣ ಅಂತ ಒಂದು ಕ್ಷಣ ತುರಿಸಿತು. ಬಿಟ್ಟು, ವಿಡಿಯೊ ಕೆಳಗೆ ಕಾಮೆಂಟ್ ಹಾಕಿದೆ: 'ಸಾರ್, ನಮ್ಮ ರೈತರೊಬ್ಬರಿಗೆ ನೆಟ್ ಇಲ್ಲದ ಕಡೆ ತೋರಿಸಬೇಕು, ಫೈಲ್ ಕೊಡ್ತೀರಾ?' ಮಾರನೇ ದಿನ ಉತ್ತರ ಬಂತು. ಸಂಜೆಗೆ ಒರಿಜಿನಲ್ ಫೈಲೇ ಬಂತು, ಯೂಟ್ಯೂಬಿಗಿಂತ ಚೆನ್ನಾಗಿತ್ತು. ಜೊತೆಗೆ ಎಷ್ಟು ದಿನಕ್ಕೊಮ್ಮೆ ಬಿಡಬೇಕು ಅನ್ನೋ ಚೀಟಿಯೂ.

ಯಜಮಾನರ ಕಾರ್ಡಿಗೆ ಹಾಕಿಕೊಟ್ಟು, ದುಡ್ಡು ಬೇಡ ಅಂದೆ. ಅವರು ಕಾರ್ಡನ್ನು ಫೋನಿಗೆ ಹಾಕಿಕೊಳ್ಳುತ್ತಾ ಕೇಳಿದರು, "ಹಂಗಾದ್ರೆ ಮೊನ್ನೆ ಬಂತಲ್ಲ ಆ ಹೊಸ ಪಿಚ್ಚರು, ಅವರಿಗೂ ಹಿಂಗೇ ಒಂದು ಮೆಸೇಜ್ ಹಾಕಪ್ಪ, ಕೊಟ್ರೂ ಕೊಡ್ಬೋದು."