ಕರುಗಳ ಲಸಿಕೆ: ನನ್ನ ಕೊಟ್ಟಿಗೆ ಗೋಡೆಯ ಲೆಕ್ಕ

ಚನ್ನರಾಯಪಟ್ಟಣದ ಕಡೆ ನಮ್ಮ ಕೊಟ್ಟಿಗೆ. ಆರು ಎಚ್‌ಎಫ್ (ಹೋಲ್‌ಸ್ಟೀನ್ ಫ್ರೀಷಿಯನ್) ಮಿಶ್ರತಳಿ ಹಸುಗಳಿವೆ. ಮೂರು ವರ್ಷದಿಂದ ಒಂದು ಕರುವೂ ರೋಗಕ್ಕೆ ಹೋಗಿಲ್ಲ. "ಎಳೆಗರುವಿಗೆ ಇಷ್ಟೊಂದು ಸೂಜಿ ಯಾಕೆ" ಎಂದು ಡೇರಿ ಮುಂದೆ ಕೇಳುತ್ತಿದ್ದವರೇ ಈಗ ನನ್ನ ಗೋಡೆ ನೋಡಲು ಬರುತ್ತಾರೆ.

ಮೊದಲು ನಾನೂ ಲಸಿಕೆಯವರು ಊರಿಗೆ ಬಂದ ದಿನವನ್ನೇ ನಂಬಿದ್ದೆ. ಒಂದು ವರ್ಷ ಮೇ ತಿಂಗಳಲ್ಲಿ ಚಪ್ಪೆ ರೋಗದ ಲಸಿಕೆ ಹಾಕಿದರು. ನನ್ನ ಹೆಣ್ಣುಗರುವಿಗೆ ಆಗ ಐದೇ ತಿಂಗಳು. ಬಿಟ್ಟರು, ನಾನೂ ಸುಮ್ಮನಾದೆ. ಪುನರ್ವಸು ಮಳೆ ಹೊತ್ತಿಗೆ ಒಂದು ಬೆಳಿಗ್ಗೆ ಕುಂಟುತ್ತಾ ಎದ್ದಿತು. ತೊಡೆ ಊದಿತ್ತು. ಒತ್ತಿದರೆ ಒಣ ತರಗೆಲೆ ಹಿಸುಕಿದ ಹಾಗೆ ಚರಚರ ಸದ್ದು. ಮಾರನೇ ದಿನ ಹೋಯಿತು. ಮೈತುಂಬಿದ ಕರುವನ್ನೇ ಆ ರೋಗ ಹಿಡಿಯುವುದು, ಅಲ್ವಾ. ಇಪ್ಪತ್ತು ಸಾವಿರಕ್ಕೆ ಕಮ್ಮಿಯಿಲ್ಲದ ಕರು. ಔಷಧಿಗೆ ಎರಡೋ ಮೂರೋ ಸಾವಿರ ಬೇರೆ. ಸುಣ್ಣ ಹಾಕಿ ಆಳವಾಗಿ ಹೂತೆವು.

ಆವತ್ತಿನಿಂದ ಕರು ಹುಟ್ಟಿದ ತಾರೀಖು ಗೋಡೆ ಮೇಲೆ. ಲಸಿಕೆಗೆ ಕರುವಿನ ವಯಸ್ಸೇ ಲೆಕ್ಕ. ನಾಲ್ಕು ತಿಂಗಳಿಗೆ ಕಾಲುಬಾಯಿ, ತಿಂಗಳು ಬಿಟ್ಟು ಬೂಸ್ಟರ್, ಆಮೇಲೆ ಆರಾರು ತಿಂಗಳಿಗೆ. ಹೆಣ್ಣುಗರುವಿಗೆ 4ರಿಂದ 8 ತಿಂಗಳೊಳಗೆ ಕಂದುರೋಗದ್ದು (ಗಬ್ಬ ಕಳೆಯುವ ರೋಗ), ಜೀವಮಾನಕ್ಕೆ ಒಂದೇ ಸಲ. ಅದರಲ್ಲಿರುವುದು ಜೀವಂತ ರೋಗಾಣು, ನಮಗೂ ಅಂಟುತ್ತದೆ. ಹಾಗಾಗಿ ಡಾಕ್ಟರೇ ಹಾಕಲಿ. ಗಳಲೆ (ಗಂಟಲು ಊದುವ ರೋಗ), ಚಪ್ಪೆ ಎರಡೂ ಆರು ತಿಂಗಳು ತುಂಬಿದ ಮೇಲೆ, ಮುಂಗಾರಿಗೆ ಮೊದಲು. ಮಳೆ ನಡುವೆ ಆರು ತುಂಬುವ ಕರುವಿಗೆ ಮುಂದಿನ ಮೇ ತನಕ ಕಾಯುವುದಿಲ್ಲ, ತುಂಬಿದ ವಾರವೇ ಹಾಕಿಸುತ್ತೇನೆ.

ಕಷ್ಟ ಇದ್ದದ್ದು ಬಾಟಲಿಯಲ್ಲಿ. ತೆರೆದರೆ ಅವತ್ತೇ ಮುಗಿಸಬೇಕು. ಒಂದು ಕರುವಿಗೆ ಯಾರು ತೆರೆಯುತ್ತಾರೆ? ಬೀದಿಯ ನಾಲ್ಕು ಮನೆಯ ಕರುಗಳ ತಾರೀಖನ್ನೂ ನನ್ನ ಗೋಡೆಗೆ ಹಾಕಿದೆ. ಹನ್ನೊಂದು ಕರು ಸೇರಿದವು. ಡಾಕ್ಟರು ಖುಷಿಯಿಂದ ಬಂದರು. ಜಂತಿನ ಔಷಧಿಯೂ ಸೇರಿ ಕರುವಿಗೆ ವರ್ಷಕ್ಕೆ ನಾನೂರು ರೂಪಾಯಿ ಆಸುಪಾಸು. ಜಂತಿನ ಔಷಧಿ ಲಸಿಕೆಗೆ ಹದಿನೈದು ದಿನ ಮೊದಲೇ ಆಗಿರಬೇಕು.

ಒಮ್ಮೆ ಲಸಿಕೆ ತರಲು ನಾನೇ ಹೋಗಿದ್ದೆ. ಜಾಸ್ತಿ ತಂಪಿರಲಿ ಅಂತ ಬಾಟಲಿಯನ್ನು ಐಸಿನೊಳಗೇ ಹೂತಿಟ್ಟೆ. ಗಡ್ಡೆ ಕಟ್ಟಿತು. ಎಸೆಯಬೇಕಾಯಿತು. ಎಂಟುನೂರು ಚಿಲ್ಲರೆ ಹೋಯಿತು. ಲಸಿಕೆ ಇಡಬೇಕಾದ್ದು 2ರಿಂದ 8 ಡಿಗ್ರಿಯಲ್ಲಿ, ಎಂದರೆ ಹೆಪ್ಪುಗಟ್ಟಲೂ ಬಾರದು. ಈಗ ಐಸಿಗೂ ಬಾಟಲಿಗೂ ನಡುವೆ ದಪ್ಪ ಬಟ್ಟೆ ಇಡುತ್ತೇನೆ.

ಒಂದು ಸಲ ಅರ್ಧ ಕರುಗಳಿಗೆ ಬೆಳಿಗ್ಗೆ ಏಳಕ್ಕೆ, ಅರ್ಧಕ್ಕೆ ಮಧ್ಯಾಹ್ನ ಹಾಕಿಸಿ ನೋಡಿದೆ. ಮಧ್ಯಾಹ್ನದವು ಎರಡು ದಿನ ಮೇವು ಸರಿಯಾಗಿ ಮುಟ್ಟಲಿಲ್ಲ. ಅಂದಿನಿಂದ ಬೆಳಿಗ್ಗೆಯೇ. ಸೂಜಿ ಹೊತ್ತಿಗೆ ಕರು ಒದರದೆ ನಿಲ್ಲಲು ನಾನು ಮಾಡುವುದನ್ನು ಬರೆಯುವುದಿಲ್ಲ. ಕೊಟ್ಟಿಗೆಗೆ ಬನ್ನಿ, ತೋರಿಸುತ್ತೇನೆ.

ನಮ್ಮ ಕರಿಯ ಕರುವಿಗೆ ಬರುವ ಮಂಗಳವಾರ ಆರು ತುಂಬುತ್ತದೆ. ಡಾಕ್ಟರಿಗೆ ಹೇಳಿಟ್ಟಿದ್ದೇನೆ.